ಅಂಗಾತ, ಬೋರಲು

ಹಾಲು ಕಾಯಿಸಿ, ಬಾಗಿಲಿಗೆ ನೀರು ಹಾಕಿ ರಂಗೋಲಿ ಎಳೆದು ಬಂದು, ಆಟೋನಗರ್‌ಗೆ ಕೆಲಸಕ್ಕೆ ಹೊರಡುವ ಇವರ ಡಬ್ಬಿಗೆ ಚಿತ್ರಾನ್ನ ತುಂಬುತ್ತಿದ್ದೆ. ಅನ್ನದೊಳಗೆ ಜಾರಿದ ನಿಂಬೆ ಬೀಜವನ್ನು ಚಮಚದ ತುದಿಯಲ್ಲಿ ಹುಡುಕುತ್ತಿದ್ದಾಗ, ಬಿ.ಎಸ್ಸಿ. ಓದುತ್ತಿದ್ದ ಮಗಳು ಎರಡು ಸ್ಟೀಲ್ ಡಬ್ಬಿ ತಂದು ಕಟ್ಟೆಯ ಮೇಲಿಟ್ಟಳು.

"ಅಮ್ಮಾ, ಒಂದರಲ್ಲಿ ಉಂಡೆ, ಒಂದರಲ್ಲಿ ಕೋಡುಬಳೆ ಅಂದ್ಕೋ. ಒಂದು ವಿಶಾಖಪಟ್ಟಣದ ಅತ್ತೆಗೆ ಹೋಯ್ತು. ನಿನ್ನ ಡಬ್ಬೀಲಿ ಉಂಡೆ ಇದ್ರೆ ಅಲ್ಲೇನಿರತ್ತೆ?"

"ಕೋಡುಬಳೆ. ಅದರಲ್ಲೇನೇ ವಿಶೇಷ? ತುಂಬಿದವಳಿಗೆ ಮೊದಲೇ ಗೊತ್ತು. ಅಲುಗಿಸಿದ್ರೂ ಗೊತ್ತಾಗತ್ತೆ."

ಅವಳ ಮುಖ ಚಿಕ್ಕದಾಯಿತು. ಮರುದಿನ ಕಾಲೇಜಿನಲ್ಲಿ ವಿಜ್ಞಾನ ಪ್ರದರ್ಶನ. ಎಷ್ಟೇ ದೂರ ಹೋದರೂ ಎರಡು ಕಣಗಳು ಹೆಣೆದುಕೊಂಡೇ ಇರುವ ಕ್ವಾಂಟಮ್ ವಿಚಾರವನ್ನು ಜನಸಾಮಾನ್ಯರಿಗೆ ಹೇಳಬೇಕೆಂದು ಅವಳಿಗೆ ಆಸೆ. ಮೇಷ್ಟ್ರು ಷರತ್ತು ಹಾಕಿದ್ದರು: ವಿಜ್ಞಾನ ಓದದ ಒಬ್ಬರಿಗಾದರೂ ಇವತ್ತೇ ಅರ್ಥ ಮಾಡಿಸು, ಇಲ್ಲದಿದ್ದರೆ ಸೌರ ಒಲೆಯ ಪಕ್ಕ ನಿಲ್ಲು. ಅಮ್ಮಂದಿರು ಲೆಕ್ಕಕ್ಕಿಲ್ಲವಂತೆ, ಮಕ್ಕಳ ಮುಖ ನೋಡಿ ಹೂಂ ಅಂದುಬಿಡುತ್ತಾರಂತೆ!

"ಕಣ ಹಾಗಲ್ಲಮ್ಮ. ನೋಡೋವರೆಗೂ ಯಾವುದೂ ತೀರ್ಮಾನ ಆಗಿರಲ್ಲ. ಆದರೂ ಎರಡೂ ತಾಳೆಯಾಗತ್ವೆ. ಅದರಿಂದ ಸುದ್ದಿ ಮಾತ್ರ ಕಳಿಸೋಕಾಗಲ್ಲ. ಅದನ್ನ ತಿಳಿಸದಿದ್ರೆ ಮಾಟಮಂತ್ರದ ಕಥೆ ಆಗತ್ತೆ ಅಂತಾರೆ ಸರ್."

"ಹಾಗಾದ್ರೆ ತುಂಬಿಟ್ಟ ಡಬ್ಬಿ ಬೇಡ ಕಣೆ. ಇನ್ನೂ ಬೀಳದೇ ಇರೋದೇನಾದ್ರೂ ಬೇಕು," ಅಂದೆ. ಅಂದ ಮೇಲೆ ನನಗೇ ಕವಡೆ ನೆನಪಾಯಿತು.

ಆ ತೆಲುಗು ಊರಿನ ಬೆಂಜ್ ಸರ್ಕಲ್ ಹತ್ತಿರದ ನಮ್ಮ ಮನೆಯಲ್ಲಿ ನಾನೂ ಪಕ್ಕದಾಕೆಯೂ ದಿನವೂ ಚೌಕಾಬಾರ ಆಡುತ್ತಿದ್ದೆವು. ಸೀಮೆಸುಣ್ಣದ ಮನೆಗಳು ವರಾಂಡದ ನೆಲದಲ್ಲೇ ಇದ್ದವು. ಮಗಳು ಆಕೆಯನ್ನು ತೆಲುಗರ ಹಾಗೆ ಪಿನ್ನಿ, ಅಂದರೆ ಚಿಕ್ಕಮ್ಮ, ಎನ್ನುತ್ತಿದ್ದಳು. ಸಂಜೆ ಆಕೆ ಸೆರಗಿನಲ್ಲಿ ಕೈ ಒರೆಸುತ್ತಾ ಬಂದು ಕೂತದ್ದೇ ತಡ, ಇವಳು ಒಂದು ಕವಡೆ ಕೊಟ್ಟು ತೆಲುಗಿನಲ್ಲಿ ಶುರು ಮಾಡಿದಳು.

"ಪಿನ್ನೀ, ಇದರ ಜೋಡಿ ವಿಶಾಖಪಟ್ಟಣದ ದ್ವಾರಕಾ ನಗರದಲ್ಲಿ ನಮ್ಮತ್ತೆ ಕೈಲಿದೆ ಅಂದ್ಕೊಳ್ಳಿ. ಇಬ್ಬರೂ ಎಸೀತೀರಿ. ನಿಮ್ಮದು ಅಂಗಾತ ಬಿದ್ರೆ ಅವರದು ಬೋರಲು. ಪ್ರತೀ ಸಲವೂ."

"ನಿಮ್ಮತ್ತೆ ಭಾರೀ ಮೋಸಗಾತಿ!"

"ಮೋಸ ಅಲ್ಲ. ಮೊದಲೇ ಗೊತ್ತುಮಾಡಿ ಇಟ್ಟದ್ದೂ ಅಲ್ಲ. ವಿಜ್ಞಾನಿಗಳು ಥರಾವರಿ ಪರೀಕ್ಷೆ ಮಾಡಿ ನೋಡಿದ್ದಾರೆ."

ಆಕೆ ಕವಡೆಯ ಹಲ್ಲುಸಾಲಿನ ಮೇಲೆ ಉಗುರು ಆಡಿಸಿದರು. "ಒಳ್ಳೇದೇ ಆಯ್ತಲ್ಲ. ಅಂಗಾತ ಅಂದ್ರೆ ಬರ್ತೀನಿ, ಬೋರಲು ಅಂದ್ರೆ ಬರಲ್ಲ. ಕೂತಲ್ಲೇ ನಿಮ್ಮತ್ತೆಗೆ ಹೇಳಿಬಿಡಬಹುದು."

ಮಗಳು ಗಾಬರಿಯಿಂದ ನನ್ನ ಮುಖ ನೋಡಿದಳು. ಸೌರ ಒಲೆ ನನಗೂ ಕಣ್ಣಿಗೆ ಕಟ್ಟಿತು. ಆಮೇಲೆ ಅವಳು ಆಕೆಯ ಕಡೆ ತಿರುಗಿ, "ಎಲ್ಲಿ, ಅಂಗಾತ ಬೀಳಿಸಿ ಪಿನ್ನೀ," ಅಂದಳು.

ಆಕೆ ಉಫ್ ಎಂದು ಊದಿ ಎಸೆದರು. ಬೋರಲು. ಮತ್ತೆ ಬೋರಲು. ಆಮೇಲೊಮ್ಮೆ ಅಂಗಾತ ಬಿದ್ದಾಗ ಚಪ್ಪಾಳೆ ತಟ್ಟಿದರು.

"ನೀವು ಬೀಳಿಸಿದ್ದಾ, ತಾನಾಗಿ ಬಿದ್ದಿದ್ದಾ?"

"ಕವಡೆ ನನ್ನ ಮಾತು ಕೇಳೋ ಹಾಗಿದ್ರೆ ನಿಮ್ಮಮ್ಮನ ಹತ್ರ ದಿನಾ ಯಾಕೆ ಸೋಲ್ತಿದ್ದೆ?"

ಮೂವರೂ ನಕ್ಕೆವು. ಅವರ ಮನೆಯಲ್ಲಿ ಕುಕ್ಕರ್ ಕೂಗಿತು. ಆಕೆ ಮಂಡಿ ಹಿಡಿದುಕೊಂಡು ಎದ್ದರು, ಚಪ್ಪಲಿಗೆ ಕಾಲು ತೂರಿಸುತ್ತಾ ಬಾಗಿಲಿನಿಂದಲೇ ಅಂದರು:

"ಅಲ್ಲಮ್ಮಾ, ಬೇಕಾದ ಹಾಗೆ ಬೀಳಿಸೋಕೇ ಆಗಲ್ಲ ಅಂದ್ಮೇಲೆ, ಬರ್ತೀನಿ ಅನ್ನೋಕೆ ನಿಮ್ಮತ್ತೆಗೆ ಎಸ್‌ಟಿಡಿ ಫೋನೇ ಮಾಡ್ಬೇಕು ಅನ್ನು!"