ಕುಂಕುಮ ಮೆತ್ತಿದ ರೈಫಲ್ಲಿಗೆ ಒಂದು ತೋಟಾ

ನನ್ನ ಮದುವೆ ಒಂದು ತೋಟಾದ ಮೇಲೆ ನಿಂತಿತ್ತು ಎಂದರೆ ಯಾರೂ ನಂಬುವುದಿಲ್ಲ. ತೋಟಾ ಎಂದರೆ ಕೋವಿಗೆ ಹಾಕುವ ಮದ್ದುಗುಂಡು. ನಮ್ಮ ಕೊಡಗಿನ ಮಾತು. ಗುಜರಾತಿನವರು ಅದನ್ನೇ ಕಾರ್ತೂಸ್ ಎನ್ನುತ್ತಾರೆ. ಹೆಸರು ಏನಾದರೂ ಇರಲಿ, ಅದು ಸಿಕ್ಕಿದರೆ ಮದುವೆ, ಸಿಗದಿದ್ದರೆ ಇಲ್ಲ.

ಆಗ ತೊಂಬತ್ತರ ದಶಕದ ನಡುಭಾಗ. ನಾನು ವಡೋದರಾದ ಒಂದು ಬ್ಯಾಂಕಿನಲ್ಲಿ ಕೆಲಸಕ್ಕಿದ್ದೆ. ಅಪ್ಪ ವಿಮಾ ಕಚೇರಿಯವರು. ವರ್ಗವಾಗಿ ಅಮ್ಮನೊಂದಿಗೆ ಅಹಮದಾಬಾದಿನ ಸ್ಯಾಟಲೈಟ್‌ನಲ್ಲಿ ಫ್ಲ್ಯಾಟ್ ಹಿಡಿದಿದ್ದರು. ನಾನು ಮದುವೆಯಾಗಬೇಕೆಂದು ಹಟ ಹಿಡಿದಿದ್ದ ಹುಡುಗ ಸೂರತ್ತಿನ ಅಡಾಜಣ್‌ನಲ್ಲಿದ್ದ. ಮೂರೂರಿಗೆ ಹಂಚಿಹೋದ ಪ್ರೇಮವಾದ್ದರಿಂದ ಅದರ ಮುಕ್ಕಾಲು ಪಾಲು ರೈಲಿನಲ್ಲೇ ನಡೆಯಿತು, ಅದೂ ಬಹುಪಾಲು ನಿಂತುಕೊಂಡು.

ಹುಡುಗ ರಜಪೂತರವನು. ವಡೋದರಾದ ಹೊರಗೆ, ಮಹೀ ನದಿಯ ಕಡೆ ಅವರ ಹೊಲಮನೆ. ಅವನ ತಂದೆಯನ್ನು ಊರೆಲ್ಲ ಬಾಪು ಎನ್ನುತ್ತಿತ್ತು, ನಾನೂ ಹಾಗೇ ಕರೆದೆ. ಮೀಸೆ ಇವರನ್ನು ಹೊತ್ತುಕೊಂಡಿತ್ತೋ ಇವರು ಮೀಸೆಯನ್ನು ಹೊತ್ತಿದ್ದರೋ ಹೇಳುವುದು ಕಷ್ಟ. ಮೊದಲ ದಿನ ನನ್ನನ್ನು ಎದುರಿಗೆ ಕೂರಿಸಿಕೊಂಡು, "ಕೊಡಗು ಅಂದ್ರೆ ಮನೆಮನೆಗೂ ಬಂದೂಕು ಇರೋ ಊರು, ಅಲ್ವಾ?" ಎಂದು ಕೇಳಿದರು. ನಾನು ಉಬ್ಬಿಹೋದೆ. ಕೈಲ್ ಮುಹೂರ್ತದ ದಿನ ಕೋವಿಗಳನ್ನು ಸಾಲಾಗಿಟ್ಟು, ಮೂತಿಗೆ ತೋಕ್‌ಪೂ ಎಂಬ ಕೆಂಪು ಹಳದಿ ಹೂ ಸಿಕ್ಕಿಸಿ ಪೂಜೆ ಮಾಡುವುದು, ಆಮೇಲೆ ಮರಕ್ಕೆ ಕಟ್ಟಿದ ತೆಂಗಿನಕಾಯಿಗೆ ಗುಂಡು ಹೊಡೆಯುವುದು, ರಜೆಗೆ ಹೋದಾಗ ನಾನೂ ಎರಡು ಕಾಯಿ ಉರುಳಿಸಿದ್ದು, ಎಲ್ಲವನ್ನೂ ಒಂದೇ ಉಸಿರಿಗೆ ಒದರಿದೆ.

ಬಾಪು ಎದ್ದು ಒಳಗೆ ಹೋಗಿ ಕೆಂಪು ಬಟ್ಟೆಯಲ್ಲಿ ಸುತ್ತಿದ್ದ ಒಂದು ರೈಫಲ್ ತಂದರು. ಅವರ ಅಪ್ಪ ಬೇಟೆಗೆ ಒಯ್ಯುತ್ತಿದ್ದ ಅಮೆರಿಕದ ಮಾಲು. ಕುದುರೆಯ, ಎಂದರೆ ಗುಂಡು ಹಾರಿಸಲು ಬೆರಳಿಂದ ಒತ್ತುವ ಕೊಕ್ಕೆಯ, ಸುತ್ತ ಕಬ್ಬಿಣದ ಉದ್ದನೆಯ ಬಳೆಯಂಥ ಲಿವರ್. ಅದನ್ನು ಕೆಳಕ್ಕೆ ಎಳೆದು ಮೇಲಕ್ಕೆ ತಂದರೆ ಖಾಲಿ ತೋಟಾ ಹೊರಕ್ಕೆ ಹಾರಿ ಹೊಸದು ಒಳಗೆ ಬರಬೇಕು. ತೋಟಾಗಳು ಇರುವುದು ನಳಿಗೆಯ ಕೆಳಗಿನ ಇನ್ನೊಂದು ಕೊಳವೆಯಲ್ಲಿ, ಒಂದರ ಹಿಂದೆ ಒಂದು.

"ನಮ್ಮಪ್ಪ ಹೋದ ಮೇಲೆ ಇದು ಮಾತಾಡಿಲ್ಲ. ಇದಕ್ಕೆ ಯಾವ ಕಾರ್ತೂಸ್ ಅಂತ ಯಾರಿಗೂ ಗೊತ್ತಿಲ್ಲ. ನೀನು ಹೊಂದಿಸಿ ಕೊಡು. ಈ ದಸರಾಕ್ಕೆ ಇದು ಮಾತಾಡಿದ್ರೆ ನಿಮ್ಮ ಮದುವೆಗೆ ನನ್ನ ಹೂಂ" ಎಂದರು ಬಾಪು.

ಹುಡುಗನ ಮುಖ ಸಣ್ಣಗಾಯಿತು. ನಾನು ಮಾತ್ರ, ಇಷ್ಟೇನಾ, ನಳಿಗೆಯ ಮೇಲೆ ಅಚ್ಚೊತ್ತಿರುತ್ತೆ, ಓದಿದರಾಯಿತು ಎಂದುಕೊಂಡೆ. ಓದಲು ಹೋದರೆ ಅಲ್ಲಿ ನಳಿಗೆಯೇ ಕಾಣಲಿಲ್ಲ. ದಸರಾದಲ್ಲಿ ಆಯುಧಕ್ಕೆ ಕುಂಕುಮ ಇಡುವುದು ಅವರ ಮನೆಯ ಪದ್ಧತಿ. ತುಪ್ಪದಲ್ಲಿ ಕಲಸಿದ ಕುಂಕುಮ, ಮೇಲೆ ಅಕ್ಷತೆ. ಅಜ್ಜನ ಕಾಲದಿಂದ ಪ್ರತಿ ದಸರಾದ ತಿಲಕವೂ ಅದೇ ಜಾಗಕ್ಕೆ ಬಿದ್ದು, ಒಣಗಿ, ಗಟ್ಟಿಯಾಗಿ ಹೋಳಿಗೆಯಷ್ಟು ದಪ್ಪವಾಗಿತ್ತು. ಅಕ್ಷರಗಳು ಅದರಡಿಯಲ್ಲಿ ಸುಖವಾಗಿ ಮಲಗಿದ್ದವು. ನಾನು ಉಗುರು ಹಾಕಿದ್ದೇ ತಡ, ಬಾಪು ಕೂಗಿದರು: "ಮುಟ್ಟಬೇಡ! ಅದು ನಮ್ಮ ಹಿರಿಯರ ಕೈಯಿಂದ ಬಿದ್ದ ತಿಲಕ. ಕೆರೆಯೋ ಹಾಗಿಲ್ಲ."

ಲೈಸೆನ್ಸ್ ನೋಡಿದೆ. ಯಾವ ಕಾಲದ ಗುಮಾಸ್ತನೋ ಮಹಾನುಭಾವ, 'ರೈಫಲ್, 30 ಬೋರ್' ಎಂದು ಗೀಚಿ ಕೈತೊಳೆದುಕೊಂಡಿದ್ದ. ಹಿಂದೊಮ್ಮೆ ಅದನ್ನೇ ತೋರಿಸಿ ಬಾಪು ಮೂವತ್ತು-ಸೊನ್ನೆ-ಆರು ಎಂಬ ತೋಟಾ ತಂದಿದ್ದರಂತೆ. ಅದು ಉದ್ದವಾಗಿ ಒಳಗೇ ಹೋಗಲಿಲ್ಲವಂತೆ. ವಡೋದರಾದ ಅಂಗಡಿಯವನು ನನಗೆ ಮುನ್ನೂರ ಹದಿನೈದು ಎಂಬ ತೋಟಾ ತೋರಿಸಿ, "ಇದೇ ಎಲ್ಲರೂ ಒಯ್ಯೋದು ಬೆಹನ್" ಎಂದ. ಎಲ್ಲರೂ ಒಯ್ಯುವುದು ಎಂಬ ಕಾರಣಕ್ಕೆ ಕೊಳ್ಳಲು ಅದೇನು ಚಪ್ಪಲಿಯೇ?

ನನ್ನ ತಲೆ ಕೆಟ್ಟಿದ್ದು ಈ ಅಂಕಿಗಳಿಂದ. ಊರಲ್ಲಿ ಹನ್ನೆರಡು ಬೋರಿನ ಕೋವಿಗೆ ಹನ್ನೆರಡು ಬೋರಿನ ತೋಟಾ, ಮುಗಿಯಿತು. ರೈಫಲ್ಲಿನವರಿಗೆ ಹಾಗಿಲ್ಲ. ಲೈಬ್ರರಿಯ ಬೇಟೆ ಪುಸ್ತಕವೊಂದನ್ನು ತೆಗೆದು ನೋಡಿದರೆ, ಮೂವತ್ತು-ಮೂವತ್ತು ಎಂಬ ತೋಟಾದಲ್ಲಿ ಮೊದಲ ಮೂವತ್ತು ಗುಂಡಿನ ದಪ್ಪ, ಎರಡನೆಯದು ಹಿಂದೆ ಅದರೊಳಗೆ ಹಾಕುತ್ತಿದ್ದ ಮದ್ದಿನ ತೂಕ. ಮೂವತ್ತು-ಸೊನ್ನೆ-ಆರರಲ್ಲಿ ಮೊದಲನೆಯದು ದಪ್ಪವೇ, ಎರಡನೆಯದು ಅದು ಹುಟ್ಟಿದ ವರ್ಷ! ಒಬ್ಬರು ಮಗುವಿನ ತೂಕ ಹೇಳುತ್ತಾರೆ, ಇನ್ನೊಬ್ಬರು ಹುಟ್ಟಿದ ದಿನ ಹೇಳುತ್ತಾರೆ. ಇವರ ಜೊತೆ ವ್ಯವಹಾರ ಮಾಡುವುದು ಹೇಗೆ?

ಎಸ್‌ಟಿಡಿ ಬೂತಿನಿಂದ ಅಪ್ಪನಿಗೆ ಫೋನ್ ಮಾಡಿ ಅತ್ತುಬಿಟ್ಟೆ. ಅಪ್ಪ ಗಹಗಹಿಸಿ ನಕ್ಕರು. "ಅಳ್ತೀಯಾಕೆ ಮಗಳೇ? ಬೀಗ ಇದೆ, ಬೀಗದಕೈ ಯಾವುದು ಗೊತ್ತಿಲ್ಲ, ಅಷ್ಟೇ ತಾನೇ? ಬೀಗದ ಹೊಟ್ಟೆಗೆ ಮೇಣ ಹುಯ್ಯಿ. ತೋಟಾ ಕೂರೋ ಜಾಗ ಹೆಂಗಿದೆಯೋ ಹಂಗೇ ಅಚ್ಚು ಬರುತ್ತೆ. ಮೊದಲು ಖಾಲಿ ಇದೆಯಾ ನೋಡ್ಕೋ, ಎಣ್ಣೆ ಸವರೋದು ಮರೀಬೇಡ!"

ಆ ಭಾನುವಾರ ಬಾಪುವಿನ ಅಡುಗೆಮನೆಯಲ್ಲಿ ನಡೆದದ್ದನ್ನು ನೆನೆದರೆ ಇವತ್ತಿಗೂ ನಗು ತಡೆಯಲಾಗುವುದಿಲ್ಲ. ರೈಫಲ್ಲನ್ನು ಮೂತಿ ಕೆಳಗಾಗಿ ಅಕ್ಕಿಯ ಡಬ್ಬಿಗೆ ಒರಗಿಸಿ ನಿಲ್ಲಿಸಿದೆವು. ಲಿವರ್ ಎಳೆದು ಬಾಯಿ ತೆರೆಸಿ, ನಳಿಗೆಯೊಳಗೆ ಬಟ್ಟೆಯ ತುಂಡು ತುರುಕಿ, ಕೊಬ್ಬರಿ ಎಣ್ಣೆ ಸವರಿದೆವು. ಹುಡುಗ ಹಿಡಿದುಕೊಂಡ, ನಾನು ತುಪ್ಪ ಬಡಿಸುವ ಮೂತಿಯ ಪಾತ್ರೆಯಿಂದ ಕರಗಿದ ಮೋಂಬತ್ತಿ ಹುಯ್ದೆ. ಅವನ ತಾಯಿ ಸೆರಗು ಬಾಯಿಗೊತ್ತಿಕೊಂಡು ನಗುತ್ತ ನಿಂತಿದ್ದರು. ಆರಿದ ಮೇಲೆ ಮೂತಿಯ ಕಡೆಯಿಂದ ಸಲಾಕೆ ಹಾಕಿ ಮೆಲ್ಲಗೆ ತಳ್ಳಿದರೆ ಟಪ್ಪನೆ ಹೊರಬಿತ್ತು: ಬಿಳಿಯ ಪುಟ್ಟ ಸೀಸೆ. ಅಗಲ ಬುಡ, ಮಧ್ಯೆ ಹೆಗಲು, ಕಿರಿದಾದ ಕತ್ತು. ಹೆತ್ತವಳಷ್ಟು ಸಂತೋಷಪಟ್ಟೆ.

ಅಳೆಯುವುದು ಎಲ್ಲಿ? ಹುಡುಗನ ಗೆಳೆಯನೊಬ್ಬ ಸೂರತ್ತಿನ ಕತಾರ್‌ಗಾಮ್‌ನಲ್ಲಿ ವಜ್ರ ಉಜ್ಜುವ ಕಾರ್ಖಾನೆಯಲ್ಲಿದ್ದ. ಕೂದಲೆಳೆಯಷ್ಟು ವ್ಯತ್ಯಾಸ ಹಿಡಿಯುವ ಗೇಜು ಅಲ್ಲಿತ್ತು. ಸೆಖೆಗೆ ಬಗ್ಗೀತೆಂದು ಮೇಣದ ಅಚ್ಚನ್ನು ಒದ್ದೆ ಬಟ್ಟೆ ಸುತ್ತಿದ ಟಿಫಿನ್ ಡಬ್ಬಿಯಲ್ಲಿಟ್ಟು, ತೊಡೆಯ ಮೇಲಿಟ್ಟುಕೊಂಡು ರೈಲಿನಲ್ಲಿ ಒಯ್ದೆ. ಪಕ್ಕದ ಅಜ್ಜಿ ಥೇಪ್ಲಾ ರೊಟ್ಟಿ ಕೊಟ್ಟು, ನನ್ನ ಡಬ್ಬಿಯಲ್ಲಿ ಏನಿದೆ ಎಂದು ಕೇಳಿದಳು. ಮಿಠಾಯಿ ಎಂದೆ. ಕೊಡದೆ ಕೂತ ನನ್ನನ್ನು ಆಕೆ ಸೂರತ್ ಬರುವವರೆಗೂ ಜಿಪುಣಿ ಎಂಬಂತೆ ನೋಡಿದಳು. ಕಾರ್ಖಾನೆಯಲ್ಲಿ ಗಿರಗಿರ ತಿರುಗುತ್ತಿದ್ದ ಗಾಲಿಗಳು ನಿಂತು, ಎಲ್ಲರೂ ಬಂದು ಬಗ್ಗಿ ನೋಡಿದರು. ಅಳತೆ ಬಂತು, ನಾನು ಆ ಪುಸ್ತಕದಿಂದ ಗುರುತು ಹಾಕಿಕೊಂಡಿದ್ದ ಅಳತೆಗಳ ಜೊತೆ ತಾಳೆ ನೋಡಿದೆವು. ಮೂವತ್ತು-ಮೂವತ್ತು! ನಾನು ವಜ್ರದವರ ನಡುವೆ ಕುಣಿದೇ ಬಿಟ್ಟೆ.

ಆ ತೋಟಾ ಆಗ ಎಲ್ಲೂ ಬರುತ್ತಿರಲಿಲ್ಲ. ಅಪ್ಪ ಅಹಮದಾಬಾದಿನ ಹಳೆಯ ಪೇಟೆಯಲ್ಲಿ ಅಲೆದು ಒಂದು ಮುದಿ ಅಂಗಡಿ ಪತ್ತೆ ಹಚ್ಚಿದರು. ಬಾಪು ತಾವೇ ಲೈಸೆನ್ಸ್ ಹಿಡಿದು ಹೋಗಿ, ಧೂಳು ಹಿಡಿದ ಅರ್ಧ ಪೆಟ್ಟಿಗೆ ಕೊಂಡು ತಂದರು. ದಸರಾ ಬೆಳಿಗ್ಗೆ ಅವರ ಮನೆಯ ಮೇಜಿನ ಮೇಲೆ ಪೆಟ್ಟಿಗೆ ಬಿಚ್ಚಿದಾಗ ಒಳಗೆ ಎರಡು ಜಾತಿ ಕಂಡವು. ಕೆಲವಕ್ಕೆ ಮೊಂಡು ಮೂತಿ. ಹೆಚ್ಚಿನವು ಯಾರೋ ಖಾಲಿ ತೋಟಾಕ್ಕೆ ಮತ್ತೆ ಮದ್ದು ತುಂಬಿ ಗುಂಡು ಕೂರಿಸಿದವು, ಅವಕ್ಕೆ ಸೂಜಿಯಂಥ ಮೂತಿ. ನಾನು ಸುಮ್ಮನೆ ಆಟಕ್ಕೆಂದು ಚೂಪಿನವನ್ನು ನಳಿಗೆಯ ಕೆಳಗಿನ ಕೊಳವೆಯಲ್ಲಿ ಮಲಗುವ ಹಾಗೇ ಒಂದರ ಹಿಂದೊಂದು ಜೋಡಿಸಿದೆ. ಜೋಡಿಸಿದವಳೇ ಕೈ ಹಿಂದಕ್ಕೆಳೆದುಕೊಂಡೆ. ಪ್ರತಿಯೊಂದರ ಚೂಪು ಮೂತಿಯೂ ಮುಂದಿನದರ ಬುಡದ ನಟ್ಟನಡುವೆ, ಸರಿಯಾಗಿ ಕೇಪಿನ ಮೇಲೆ ಕೂತಿತ್ತು. ಕೇಪು ಎಂದರೆ ಪೆಟ್ಟು ಬಿದ್ದರೆ ಕಿಡಿ ಹಾರಿಸಿ ಮದ್ದು ಹೊತ್ತಿಸುವ ಬೊಟ್ಟು. ಮೊದಲ ಗುಂಡು ಹಾರಿ ರೈಫಲ್ ಒಮ್ಮೆ ಹಿಂದಕ್ಕೆ ಒದ್ದರೆ ಸಾಕು, ಕೊಳವೆಯೊಳಗಿನವೆಲ್ಲ ದೀಪಾವಳಿಯ ಸರಪಟಾಕಿ, ಅದೂ ಹೊಡೆಯುವವರು ಕೊಳವೆ ಹಿಡಿದ ಎಡಗೈಯೊಳಗೆ. ಮೊಂಡು ಮೂತಿ ಯಾಕೆ ಎಂಬುದು ಆಗ ತಿಳಿಯಿತು. ಎರಡನ್ನೂ ಬೇರೆ ಮಾಡಿಟ್ಟೆ.

ಮಧ್ಯಾಹ್ನ ಹೊಲದ ಅಂಚಿನ ಮಣ್ಣಿನ ದಿಬ್ಬದ ಮುಂದೆ ಕೋಲಿನ ಮೇಲೆ ತೆಂಗಿನಕಾಯಿ ನಿಂತಿತು. ಅದು ನನ್ನ ಊರಿನ ಕಾಣಿಕೆ. ಪೊಲೀಸ್ ಪಟೇಲರಿಗೆ ಹೇಳಿಯಾಗಿತ್ತು. ರುಮಾಲು ಸುತ್ತಿದ ನೆಂಟರೆಲ್ಲ ಹಿಂದೆ ಸಾಲಾಗಿ ನಿಂತರು. ಬಾಪು ಗಂಭೀರವಾಗಿ ಮುಂದೆ ಬಂದು ಎರಡು ಗುಂಪನ್ನೂ ನೋಡಿ, ಚೂಪಿನವನ್ನೇ ಬೊಗಸೆ ತುಂಬ ಎತ್ತಿಕೊಂಡರು.

"ಬಾಪು, ಅವು ಬೇಡ" ಎಂದೆ.

"ಚೂಪಾಗಿದ್ದೇ ಚೆನ್ನಾಗಿ ನಾಟೋದು. ಕೊಳವೆ ತುಂಬಿಸ್ತೀನಿ. ನಮ್ಮಪ್ಪ ತುಂಬಿಸ್ತಿದ್ರು."

"ತುಂಬಿಸೋ ಹಾಗಿಲ್ಲ."

ಆ ಮನೆಯಲ್ಲಿ ಬಾಪುವಿಗೆ ಯಾರೂ ಹಾಗೆ ಹೇಳಿದ್ದಿಲ್ಲ. ಹುಡುಗ ಕಣ್ಣಲ್ಲೇ ಕೈಮುಗಿದ. ಒಮ್ಮೆ ಹೂಂಗುಟ್ಟಿದರೆ ಮದುವೆ ನನ್ನದು. ಆದರೆ ಆ ಎಡಗೈ? ಅವರ ಬೊಗಸೆಯಿಂದ ತೋಟಾಗಳನ್ನು ಒಂದೊಂದಾಗಿ ಆರಿಸಿ ನನ್ನ ವ್ಯಾನಿಟಿ ಬ್ಯಾಗಿಗೆ ಹಾಕಿ ಜಿಪ್ ಎಳೆದೆ. ಮುಗಿಯಿತು ನನ್ನ ಕಥೆ ಎಂದುಕೊಂಡೆ.

"ಇಲ್ಲಿ ಬಾ" ಎಂದು ಗುಡುಗಿ ಬಾಪು ಮೊಂಡು ಮೂತಿಯವನ್ನೂ ರೈಫಲ್ಲನ್ನೂ ಎತ್ತಿಕೊಂಡು ಹೊಲದಲ್ಲಿ ನಿಂತಿದ್ದ ಟ್ರ್ಯಾಕ್ಟರಿನ ಹಿಂದಕ್ಕೆ ನಡೆದರು. ನಾನು ಹಿಂದೆ ಹೋದೆ. ಬೈಗುಳ ಬೀಳುವ ಮೊದಲೇ ಎರಡು ಚೂಪಿನವನ್ನು ತೆಗೆದು ಟ್ರ್ಯಾಕ್ಟರಿನ ಮಡ್‌ಗಾರ್ಡಿನ ಮೇಲೆ ಮೂತಿಗೆ ಬುಡ ತಾಗಿಸಿ ಇಟ್ಟೆ. ಬಾಪು ಬಗ್ಗಿ ನೋಡಿದರು. ಚೂಪು ತಾಗಿದ ಕೇಪಿನ ಮೇಲೆ ಬೆರಳಾಡಿಸಿದರು. ಮೀಸೆ ಮೆಲ್ಲಗೆ ಇಳಿಯಿತು.

ಆಮೇಲೆ ಅತ್ತಿತ್ತ ನೋಡಿ ದನಿ ತಗ್ಗಿಸಿದರು. "ಬೇಟಾ, ಒಂದು ಮಾತು. ಯಾರಿಗೂ ಹೇಳಬಾರದು. ನಮ್ಮಪ್ಪ ಇದನ್ನ ನನ್ನ ಕೈಗೆ ಕೊಡಲೇ ಇಲ್ಲ. ಅವರು ಹೋದ ಮೇಲೆ ಕಾರ್ತೂಸ್ ಇರಲಿಲ್ಲ. ನಾನು ಇವತ್ತಿನವರೆಗೂ ಒಂದು ಗುಂಡೂ ಹಾರಿಸಿಲ್ಲ. ಇದನ್ನ ಹಿಡಿಯೋದು ಹ್ಯಾಗೆ?"

ನನಗೆ ನಗು ಬಂತು, ಅದರ ಹಿಂದೆಯೇ ಅಳು. ರೈಫಲ್ಲಿನ ಹಿಂಬದಿಯನ್ನು ಅವರ ಹೆಗಲ ಗುಳಿಗೆ ಒತ್ತಿದೆ, ಕೆನ್ನೆಯನ್ನು ಅದರ ಮರದ ಹಿಡಿಗೆ ತಾಗಿಸಿದೆ, ಮೊಣಕೈ ಕೆಳಗೆ ತಂದೆ. "ಗಟ್ಟಿಯಾಗಿ ಒತ್ತಿಕೊಳ್ಳಿ. ಒದೆಯುತ್ತೆ. ಕುದುರೆಯನ್ನ ಕೀಳಬೇಡಿ, ಮೆಲ್ಲಗೆ ಹಿಂಡಿ" ಎಂದು ಪಿಸುಗುಟ್ಟಿದೆ. ಅವರು ಶಾಲೆಯ ಹುಡುಗನಂತೆ ತಲೆಯಾಡಿಸಿದರು.

ಹೊರಗೆ ಬಂದು ಮೊಂಡು ಮೂತಿಯದೊಂದನ್ನು ಮಾತ್ರ ಒಳಗಿಟ್ಟು ಲಿವರ್ ಮುಚ್ಚಿದರು. ಢಂ! ನವಿಲುಗಳೆಲ್ಲ ಒಟ್ಟಿಗೆ ಕಿರುಚಿದವು. ದಿಬ್ಬದಿಂದ ಧೂಳೆದ್ದಿತು. ಧೂಳು ಕೂತ ಮೇಲೆ ನೋಡಿದರೆ ತೆಂಗಿನಕಾಯಿ ಕೂದಲೂ ಕೊಂಕದೆ ಕೋಲಿನ ಮೇಲೆ ಹಾಗೇ ಕೂತಿತ್ತು. ಒಂದು ಮಾರು ಆಚೆಗೆ ದಿಬ್ಬದಲ್ಲಿ ತೂತು ಬಿದ್ದಿತ್ತು.

ಯಾರಿಗೂ ನಗುವ ಧೈರ್ಯವಿರಲಿಲ್ಲ. ಬಾಪು ಹೆಗಲು ಉಜ್ಜಿಕೊಳ್ಳುತ್ತ ಕಾಯಿಯನ್ನು ನೋಡಿದರು, ತೂತನ್ನು ನೋಡಿದರು, ನನ್ನನ್ನು ನೋಡಿದರು. ಆಮೇಲೆ ಮೀಸೆ ಮತ್ತೆ ಮೇಲಕ್ಕೇರಿತು. ನೆಂಟರ ಕಡೆ ತಿರುಗಿ ಹೊಲವೆಲ್ಲ ಕೇಳುವಂತೆ ಕೂಗಿದರು:

"ಸುಮ್ಮನೆ ನಿಂತು ನೋಡ್ತೀರೇನು? ನಮ್ಮ ಸೊಸೆ ಆಗಿನಿಂದ ಬಿಸಿಲಲ್ಲಿ ನಿಂತಿದ್ದಾಳೆ. ಯಾರಾದರೂ ಅವಳಿಗೆ ನೀರು ಕೊಡಿ!"