ಖಾಜಾಸಾಬನ ಬಾದಶಾ ಜಿಗಿದ ದಿನ

ತೀರ್ಪು ಕೊಡಲು ಕೂತವನಿಗೆ ಕಣ್ಣಿರಬೇಕು, ಕರುಣೆ ಇರಬಾರದು ಎಂದು ದೊಡ್ಡವರು ಹೇಳುತ್ತಾರೆ. ಆ ದೊಡ್ಡವರಲ್ಲಿ ಒಬ್ಬರೂ ಕಲ್ಯಾಣ ಮಂಟಪದ ಪ್ಲಾಸ್ಟಿಕ್ ಕುರ್ಚಿಯ ಮೇಲೆ ಐದು ತಾಸು ಕೂತು ಚದುರಂಗ ಕಾದವರಲ್ಲ. ಕೂತಿದ್ದರೆ ಕರುಣೆಗಿಂತ ಮೊದಲು ಸೊಂಟದ ಮಾತಾಡುತ್ತಿದ್ದರು.

ಕೊರೊನಾ ಕಳೆದ ಮರುವರ್ಷದ ಮಾತು. ನಾನು ಆಗ ಜೇವರ್ಗಿಯ ಪ್ರೌಢಶಾಲೆಯಲ್ಲಿ ಗಣಿತದ ಮಾಸ್ತರ. ಅದರ ಜೊತೆಗೆ ಚೆಸ್ ಆರ್ಬಿಟರ್, ಅಂದರೆ ಪಂದ್ಯದ ತೀರ್ಪುಗಾರ. ಆಳಂದ, ಅಫಜಲಪುರ, ಜೇವರ್ಗಿ ಮೂರೂ ತಾಲೂಕಿಗೆ ಸೇರಿ ಪರೀಕ್ಷೆ ಪಾಸಾದ ಆರ್ಬಿಟರ್ ನಾನೊಬ್ಬನೇ. ಸ್ಪರ್ಧೆಯೇ ಇಲ್ಲದ ಕಡೆ ಹಿರಿಮೆ ಬೇಗ ಬೆಳೆಯುತ್ತದೆ.

ಆಳಂದದ ಒಂದು ಖಾಸಗಿ ಶಾಲೆಯವರು ಆ ವರ್ಷ ಚೆಸ್ ತರಬೇತುದಾರನ ಹುದ್ದೆ ತೆರೆದರು. ಶಾಲೆಯ ಅಧ್ಯಕ್ಷರು ಶರಣಗೌಡರು. ಅಫಜಲಪುರದಲ್ಲಿದ್ದ ಅವರ ಅಕ್ಕನ ಮಗನೊಬ್ಬ ಆ ಹುದ್ದೆಗಾಗಿಯೇ ಹುಟ್ಟಿದವನೆಂದು ಅವರ ಮನೆಯವರ ನಂಬಿಕೆ. ಆದರೆ ಗೌಡರಿಗೆ ಊರಿನ ಬಾಯಿಯ ಭಯ. ಹಾಗಾಗಿ ಒಬ್ಬ ಇಂಟರ್‌ನ್ಯಾಷನಲ್ ಮಾಸ್ಟರನ್ನು ಕರೆಸಿ, ಹದಿನೆಂಟು ಬೋರ್ಡುಗಳಲ್ಲಿ ಅವರು ಏಕಕಾಲಕ್ಕೆ ಆಡುವ ಪ್ರದರ್ಶನ ಇಡಿಸಿದರು. ಅವರಿಂದ ಅರ್ಧ ಅಂಕವನ್ನಾದರೂ, ಅಂದರೆ ಒಂದು ಡ್ರಾ ಆದರೂ, ಕಿತ್ತವನಿಗೆ ಹುದ್ದೆ. ಯಾರೂ ಕೀಳದಿದ್ದರೆ ಆಡಳಿತ ಮಂಡಳಿಯ ತೀರ್ಮಾನ ಅಂತಿಮ. ಮಂಡಳಿಯೆಂದರೆ ಯಾರು ಎಂಬುದನ್ನು ವಿವರಿಸಬೇಕಾಗಿಲ್ಲ.

ಆ ಹುದ್ದೆ ನಿಜವಾಗಿ ಬೇಕಾಗಿದ್ದದ್ದು ಖಾಜಾಸಾಬನಿಗೆ. ನಲವತ್ತಾರು ವರ್ಷದ ಪಿಂಜಾರ. ಅರಳೆ ಹಿಂಜಿ ಗಾದಿ ಹೊಲಿಯುವುದು ಅವನ ಕಸುಬು. ಮೂವತ್ತು ವರ್ಷದ ಅರಳೆಯ ದೂಳು ಎದೆಯಲ್ಲಿ ಮನೆ ಮಾಡಿತ್ತು. ಡಾಕ್ಟರು ಎಕ್ಸ್‌ರೇ ಬೆಳಕಿಗೆ ಹಿಡಿದು ಹೇಳಿದರಂತೆ: "ಇನ್ನೆರಡು ವರ್ಷ ಅರಳಿ ಹಿಂಜು, ಮೂರನೇ ವರ್ಷಕ್ಕ ನಿನ್ನ ಗಾದಿ ಮತ್ತೊಬ್ಬ ಸುತ್ತತಾನ." ಬೇರೆ ಕಸುಬು ಅವನಿಗೆ ಬರುತ್ತಿರಲಿಲ್ಲ. ಬರುತ್ತಿದ್ದದ್ದು ಚದುರಂಗ ಒಂದೇ. ಸರಸಂಬಾದಿಂದ ಗೊಬ್ಬೂರಿನ ತನಕ ಅವನನ್ನು ಸೋಲಿಸಿದವರಿರಲಿಲ್ಲ.

ಒಂದು ತೊಡಕಿತ್ತು. ಅವನು ಆಡುತ್ತಿದ್ದದ್ದು ನಮ್ಮ ಕಡೆಯ ಹಳೆಯ ಆಟ, ಗೋಣಿತಟ್ಟಿನ ಮೇಲೆ ಗೆರೆ ಎಳೆದು ಆಡುವಂಥದ್ದು. ಅದರಲ್ಲಿ ಪ್ಯಾದೆ, ಅಂದರೆ ಕಾಲಾಳು, ಒಂದೊಂದೇ ಮನೆ ನಡೆಯುತ್ತದೆ. ಅಂತರರಾಷ್ಟ್ರೀಯ ಆಟದಲ್ಲಿ ಅದು ಮೊದಲ ಸಲ ಎರಡು ಮನೆ ಹೋಗಬಹುದು. ರಾಜನೂ ಆನೆಯೂ ಜಾಗ ಬದಲಿಸುವ ಕ್ಯಾಸ್ಲಿಂಗ್ ಉಂಟು. ಇಂಥವನ್ನೆಲ್ಲ ಆರು ಕಲಮುಗಳಲ್ಲಿ ಬರೆದು ನಾನೇ ಒಂದು ಕರಪತ್ರ ಅಚ್ಚು ಹಾಕಿಸಿದ್ದೆ. 'ಹೊಸ ಆಟದ ನಿಯಮಗಳು' ಎಂದು ಮೇಲೆ, ನನ್ನ ಹೆಸರು ಕೆಳಗೆ, ನಿಯಮಗಳಿಗಿಂತ ಒಂದು ಸುತ್ತು ದಪ್ಪ ಅಕ್ಷರದಲ್ಲಿ. ಖಾಜಾಸಾಬ ಅದನ್ನು ಬಾಯಿಪಾಠ ಮಾಡಿದ.

ಎರಡು ತಿಂಗಳು ಪ್ರತಿ ಭಾನುವಾರ ಅವನೊಡನೆ ಆಡಿದೆ. ಪ್ರತಿ ಭಾನುವಾರ ಸೋತೆ. ಶುರುವಿನ ಹತ್ತು ನಡೆಯೊಳಗೇ ಎದುರಾಳಿಯ ರಾಜನಿಗೆ ಶಹ, ಅಂದರೆ ಚೆಕ್, ಕೊಡುವುದು ನನ್ನ ಚಟ. ಅದರಿಂದ ಲಾಭವಿಲ್ಲದಿದ್ದರೂ ಮನಸ್ಸಿಗೆ ಹಿತ. ಈ ಚಟದ ವಿಷಯ ಮುಂದೆ ಬರುತ್ತದೆ.

ಪ್ರದರ್ಶನದ ದಿನ ಗೌಡರು ಮಾಸ್ಟರನ್ನು 'ವಿಶ್ವವಿಖ್ಯಾತರು' ಎಂದು ಪರಿಚಯಿಸಿ, ಹೆಸರು ಮರೆತು, ಚೀಟಿ ನೋಡಿಕೊಂಡರು. ಮಾಸ್ಟರು ಮೈಸೂರು ಕಡೆಯ ಮೃದು ಮಾತಿನ ಮನುಷ್ಯ. ಹದಿನೆಂಟು ವರ್ಷ ದೇಶ ದೇಶ ತಿರುಗಿ ಆಡಿದವರು. ಗ್ರ್ಯಾಂಡ್‌ಮಾಸ್ಟರ್ ಪದವಿಗೆ ಮೂರು ನಾರ್ಮ್ ಬೇಕು. ನಾರ್ಮ್ ಎಂದರೆ ಒಂದು ದೊಡ್ಡ ಟೂರ್ನಿಯಲ್ಲಿ ಆ ಮಟ್ಟದ ಸಾಧನೆ. ಅವರಿಗೆ ಎರಡು ದಕ್ಕಿದ್ದವು. ಮೂರನೆಯದು ಯುರೋಪಿನ ಯಾವುದೋ ಊರಲ್ಲಿ, ಕೊನೆಯ ಸುತ್ತಿನಲ್ಲಿ, ಅರ್ಧ ಅಂಕದಿಂದ ತಪ್ಪಿತು. ಎದುರಾಳಿ ಡ್ರಾ ಕೇಳಿದ್ದನಂತೆ, ಇವರು ಗೆಲ್ಲುವ ಆಸೆಗೆ ಒಲ್ಲೆ ಎಂದು ಸೋತರಂತೆ. ಆಮೇಲೆ ಅವರ ವೃತ್ತಿ ಇಂಥ ಮಂಟಪಗಳ ಕಡೆ ತಿರುಗಿತು.

ಉಪ್ಪಿಟ್ಟಿನ ಹೊತ್ತಿಗೆ ನಾನು ಅವರಿಗೆ ಖಾಜಾಸಾಬನ ಎದೆಯ ಸಂಗತಿ ಹೇಳಿದೆ. "ಅರ್ಧ ಅಂಕದ ಬೆಲೆ ನನಗೆ ಗೊತ್ತು ಸರ್" ಎಂದರು.

ಗೌಡರ ಆ ಸೋದರಳಿಯ ಮೂರನೇ ಬೋರ್ಡಿನಲ್ಲಿ ಹದಿನಾಲ್ಕನೇ ನಡೆಗೆ ಸೋತು, ಸೆಲ್ಫಿ ತೆಗೆದುಕೊಂಡು ಎದ್ದ. ಮೂರು ಗಂಟೆಯ ಹೊತ್ತಿಗೆ ಹದಿನೇಳು ಆಟ ಮುಗಿದು ಹದಿನೇಳನ್ನೂ ಮಾಸ್ಟರು ಗೆದ್ದಿದ್ದರು. ಉಳಿದದ್ದು ಏಳನೇ ಬೋರ್ಡು. ಅಲ್ಲಿ ಖಾಜಾಸಾಬನ ಹತ್ತಿರ ಎರಡು ಪ್ಯಾದೆ ಹೆಚ್ಚಿದ್ದವು. ಮಂಟಪದ ಜನವೆಲ್ಲ ಆ ಮೇಜಿನ ಸುತ್ತ. ಕೆಮ್ಮು ಬಂದಾಗಲೆಲ್ಲ ಅವನು ಕಾಯಿ ಅಲುಗದಿರಲೆಂದು ಮುಖ ಹಿಂದಕ್ಕೆ ತಿರುಗಿಸಿ ಕೆಮ್ಮುತ್ತಿದ್ದ.

ಅವನ ಬಾದಶಾ, ಅಂದರೆ ರಾಜ, ಕೊನೆಯ ಸಾಲಿನಲ್ಲಿ, ತನ್ನ ಆನೆಯ ಪಕ್ಕದಲ್ಲೇ ಅದಕ್ಕೆ ಕಾವಲು ನಿಂತಿದ್ದ. ಮಾಸ್ಟರ ಆನೆ ದೂರದಿಂದ ಆ ಆನೆಗೇ ಗುರಿ ಇಟ್ಟಿತ್ತು. ಅವರು ಕುದುರೆಯನ್ನು ಒಳಕ್ಕೆ ನುಗ್ಗಿಸಿ ನಿಲ್ಲಿಸಿದರು, ಅದಕ್ಕೆ ಕಾವಲಿಲ್ಲ. ನಿಲ್ಲಿಸಿ ಮೆಲ್ಲಗೆ, "ಡ್ರಾ ಮಾಡಿಕೊಳ್ಳೋಣವೇ?" ಎಂದರು.

ಖಾಜಾಸಾಬ ನನ್ನತ್ತ ನೋಡಿದ. "ಡ್ರಾ ಅಂದ್ರ ಅರ್ಧಾ ಅಲ್ರಿ ಸರ್?"

"ಅರ್ಧ. ನಿನಗೆ ಬೇಕಾದದ್ದೂ ಅಷ್ಟೇ."

"ಖರೇ ಅದ್ರಿ. ಆದ್ರ ಅವರ ಕುದರಿ ಬಿದ್ದದ್ರಿ. ಕಣ್ಣಿಗೆ ಕಾಣಾಕತ್ತದ. ಹ್ಯಾಂಗ ಬಿಡ್ಲಿ ಹೇಳ್ರಿ?"

ಹಾಗೆಂದವನೇ ಬಾದಶಾನನ್ನು ಎತ್ತಿ, ಅಡ್ಡ ಎರಡು ಮನೆ, ಮುಂದೆ ಒಂದು ಮನೆ, ಕುದುರೆಯಂತೆ ಜಿಗಿಸಿ ಇಟ್ಟ. ಅಲ್ಲಿಂದ ಅವನ ಆನೆಗೆ ಕಾವಲೂ ಉಳಿಯಿತು, ಮಾಸ್ಟರ ಕುದುರೆಯೂ ಓಡಲು ದಾರಿಯಿಲ್ಲದೆ ಸಿಕ್ಕಿಬಿತ್ತು. ಸುತ್ತ ನಿಂತ ಮುದುಕರು ಚಪ್ಪಾಳೆ ಹೊಡೆದರು. "ಭೇಷ್ ಲೇ ಖಾಜಾ! ಎಲ್ಲಿ ಬಚ್ಚಿಟ್ಟಿದ್ದಿಲೇ ಇದನ್ನ!"

ಹಳೆಯ ಆಟದಲ್ಲಿ ಬಾದಶಾನಿಗೆ ಒಮ್ಮೆ ಕುದುರೆಯಂತೆ ಜಿಗಿಯುವ ಹಕ್ಕುಂಟು, ಅಲ್ಲಿಯವರೆಗೆ ಅವನಿಗೆ ಯಾರೂ ಶಹ ಕೊಟ್ಟಿರಬಾರದು ಅಷ್ಟೇ. ನಾನೂ ಹುಡುಗನಿದ್ದಾಗ ಜಿಗಿಸಿದವನೇ. ಅಭ್ಯಾಸದಲ್ಲಿ ಪ್ರತಿ ಸಲ ನಾನು ಬೇಗ ಶಹ ಕೊಟ್ಟು ಅವನ ಹಕ್ಕು ಕಳೆಯುತ್ತಿದ್ದೆ. ಎರಡು ತಿಂಗಳಲ್ಲಿ ಅವನು ಒಮ್ಮೆಯೂ ಜಿಗಿದಿರಲಿಲ್ಲ, ನನಗೆ ಒಮ್ಮೆಯೂ ನೆನಪಾಗಿರಲಿಲ್ಲ. ಮಾಸ್ಟರು ಆ ದಿನ ಒಂದೂ ಶಹ ಕೊಟ್ಟಿರಲಿಲ್ಲ.

ಗೌಡರು ಕೇಳಿದರು: "ಹಿಂಗ ಜಿಗೀಲಾಕ ಬರ್ತದೇನ್ರಿ ಮಾಸ್ತರ?"

"ಬರುವುದಿಲ್ಲ" ಎಂದೆ. "ನಿಯಮಬಾಹಿರ ನಡೆ."

ಮಾಸ್ಟರು, "ಹಿಂದಕ್ಕೆ ತೆಗೆದುಕೊಳ್ಳಲಿ ಬಿಡಿ ಸರ್. ಡ್ರಾ ಎಂದೇ ಬರೆದುಕೊಳ್ಳಿ" ಎಂದರು.

ಆಗ ನಾನು ಎದ್ದು ನಿಂತೆ. ಕೂತೇ ಹೇಳಬಹುದಿತ್ತು. ಮುಟ್ಟಿದ ಕಾಯಿಯನ್ನೇ ನಡೆಸಬೇಕೆಂಬುದು ನಿಯಮವೆಂದೂ, ಕಾಯಿ ಮುಟ್ಟಿದೊಡನೆ ಡ್ರಾ ತಿರಸ್ಕೃತವಾಯಿತೆಂದೂ, ಗಣಿತದ ಪ್ರಮೇಯ ಸಾಧಿಸುವ ದನಿಯಲ್ಲಿ ಘೋಷಿಸಿದೆ. ಬಾದಶಾನಿಗೆ ನಿಯಮದಂತೆ ಉಳಿದಿದ್ದದ್ದು ಒಂದೇ ಮನೆ. ಅಲ್ಲಿಗೆ ಹೋದರೆ ಆನೆಯ ಕಾವಲು ತಪ್ಪುತ್ತದೆ, ಮುಂದಿನ ನಡೆಗೆ ಮಾತ್, ಅಂದರೆ ರಾಜ ಸಿಕ್ಕಿಬಿದ್ದು ಆಟ ಮುಗಿದಂತೆ. ಇದು ಆ ಮಂಟಪದಲ್ಲಿ ಚೆಸ್ ಬಲ್ಲ ಮೂವರಿಗೂ ಕಾಣುತ್ತಿತ್ತು.

ಖಾಜಾಸಾಬ ಅಂಗಿಯ ಕಿಸೆಯಿಂದ ನಾಲ್ಕು ಮಡಿಕೆಯ ಕರಪತ್ರ ತೆಗೆದ. ಮಡಿಕೆಗಳಲ್ಲಿ ಅರಳೆಯ ಎಳೆ ಸಿಕ್ಕಿಕೊಂಡಿದ್ದವು. "ಇದರಾಗ ಆರು ಕಲಂ ಅವ್ರಿ ಸರ್. ಆರೂ ನನಗ ಬಾಯಾಗ ಬರ್ತಾವ. ಬಾದಶಾ ಜಿಗೀಬಾರ್ದು ಅಂತ ಯಾವ ಕಲಮಿನಾಗ ಬರದೀರಿ? ಬಟ್ಟ ಇಟ್ಟು ತೋರಸ್ರಿ."

"ಜಿಗಿಯಬಹುದು ಎಂದೂ ಬರೆದಿಲ್ಲವಲ್ಲ" ಎಂದೆ.

ಜನ ನಕ್ಕರು. ಚಪ್ಪಾಳೆ ಹೊಡೆದಿದ್ದ ಮುದುಕರೂ ನಕ್ಕರು. ಉತ್ತರ ಚೆನ್ನಾಗಿ ಬಂತೆಂದು ನನಗೂ ಅನಿಸಿತು. ಆ ಸಂಜೆ ಜೇವರ್ಗಿ ಬಸ್ಸಿನಲ್ಲಿ ಅದನ್ನು ಪಕ್ಕದವನಿಗೆ ಹೇಳಿಯೂ ಹೇಳಿದೆ.

ಖಾಜಾಸಾಬ ಕರಪತ್ರವನ್ನು ಅದೇ ಮಡಿಕೆಗಳಲ್ಲಿ ಮಡಚಿ ನನ್ನ ಮೇಜಿನ ಮೇಲಿಟ್ಟ. ಬಾದಶಾನನ್ನು ಹಿಂದಕ್ಕೆ ತಂದು, ಉಳಿದ ಒಂದೇ ಮನೆಗೆ ಸರಿಸಿದ. ಮಾಸ್ಟರ ಕೈ ಬೋರ್ಡಿನ ಮೇಲೆ ತುಸು ಹೊತ್ತು ನಿಂತಿತು. ಹದಿನೆಂಟು ವರ್ಷ ಗೆಲ್ಲುವುದನ್ನೇ ಕಲಿತ ಕೈ ಅದು. ಆನೆಯನ್ನು ಹೊಡೆಯಿತು.

"ಮಾತ್ ಆತೇನ್ರಿ?" ಎಂದ ಖಾಜಾಸಾಬ, ಕಾಣುತ್ತಿದ್ದರೂ.

"ಆಯಿತು" ಎಂದು ನಾನು ಬರೆದುಕೊಂಡೆ. ಗೌಡರು ಅವನ ಬೆನ್ನು ತಟ್ಟಿ, "ಛಲೋ ಆಡಿದಿ ನೋಡು. ಬರೋ ವಾರ ಮನೀ ಕಡೆ ಬಾ, ಎರಡು ಗಾದಿ ಹಿಂಜೋದದಾವ" ಎಂದರು.

ಮೂವತ್ತೊಂದು ವರ್ಷದ ಮಾಸ್ತರಿಕೆ ನನಗೆ ಕಲಿಸದ್ದನ್ನು ಆ ಮಧ್ಯಾಹ್ನ ಕಲಿಸಿತು. ಹೊಸ ನಿಯಮ ಹೇಳಿಕೊಡುವವನು ಹೊಸದಾಗಿ ಏನು ಬಂದಿದೆ ಎಂದಷ್ಟೇ ಹೇಳಿದರೆ ಸಾಲದು. ಹಳೆಯದರಲ್ಲಿ ಏನು ಹೋಗಿದೆ ಎಂದು ಅದಕ್ಕಿಂತ ಮೊದಲು ಹೇಳಬೇಕು. ಕಲಿಯುವವನು ಹಳೆಯದನ್ನು ಮನೆಯಲ್ಲಿ ಬಿಟ್ಟು ಬಂದಿರುವುದಿಲ್ಲ. ಕರಪತ್ರದ ಎರಡನೆಯ ಮುದ್ರಣದಲ್ಲಿ ಏಳನೆಯ ಕಲಂ ಸೇರಿಸಿದ್ದೇನೆ: ರಾಜ ಜಿಗಿಯುವಂತಿಲ್ಲ.

ಹುದ್ದೆ ಗೌಡರ ಅಳಿಯನಿಗಾಯಿತು. ಶಾಲೆಯವರು ಮಕ್ಕಳಿಗೆ ಹಂಚಲು ನನ್ನ ಕರಪತ್ರದ ಇನ್ನೂರು ಪ್ರತಿ ತರಿಸಿಕೊಂಡರು. ಖಾಜಾಸಾಬ ಎರಡೂವರೆ ವರ್ಷ ಅರಳೆ ಹಿಂಜಿದ.