ಅಕ್ಕನ ಕತೆಯನ್ನು ಅಮ್ಮ ಕೇಳಿದ್ದು

ನನ್ನ ಮೊದಲ ಕಾದಂಬರಿ ಅಚ್ಚಾಗಿ ಮುಂಬಯಿ ಪಕ್ಕದ ಡೊಂಬಿವಲಿಯ ನಮ್ಮ ಮನೆಗೆ ಬಂದಾಗ ಸಂತೋಷಪಡುವಷ್ಟು ತ್ರಾಣ ನನ್ನಲ್ಲಿ ಉಳಿದಿರಲಿಲ್ಲ. ಎಂಬತ್ತರ ದಶಕದ ನಡುವಿನ ಮಾತು. ಬೆಳಿಗ್ಗೆ ಲೋಕಲ್ ರೈಲಿನ ಲೇಡೀಸ್ ಡಬ್ಬದಲ್ಲಿ ಜಜ್ಜಿಸಿಕೊಂಡು ಠಾಣೆ ಪಟ್ಟಣಕ್ಕೆ ಹೋಗಿ, ಕಾರ್ಖಾನೆಯೊಂದರ ಆಫೀಸಿನಲ್ಲಿ ದಿನವಿಡೀ ಟೈಪ್ ಮಾಡಿ, ಸಂಜೆ ಹಾಗೆಯೇ ಜಜ್ಜಿಸಿಕೊಂಡು ಬರುತ್ತಿದ್ದೆ. ಬರೆಯಲು ಸಿಗುತ್ತಿದ್ದದ್ದು ಭಾನುವಾರದ ಮಧ್ಯಾಹ್ನ ಮಾತ್ರ. ವರ್ಷಗಟ್ಟಲೆ ಎಳೆದ ಕೆಲಸ. ಮಂಗಳೂರಿನ ಪ್ರೆಸ್ಸಿನಿಂದ ಬಂದ ಕಟ್ಟನ್ನು ಬಿಚ್ಚಿದವಳು ಅಕ್ಕ. ಮುಖಪುಟ ನೋಡಿ, "ಬಣ್ಣ ಸ್ವಲ್ಪ ಜಾಸ್ತಿ ಆಯ್ತು" ಎಂದಳು, ಅಷ್ಟೆ.

ಕತೆ ಅವಳದ್ದೇ. ಶಾಲೆ ಮುಗಿಸಿದ ಕೂಡಲೇ ಊರಿನಲ್ಲಿ ಕಾನ್ವೆಂಟ್ ಸೇರಿ ಸನ್ಯಾಸಿನಿಯಾಗಿ, ಸಿಸ್ಟರ್ ಆಗಿದ್ದ ಅಕ್ಕ, ಅಪ್ಪ ತೀರಿಕೊಂಡ ಮೇಲೆ, ಎಪ್ಪತ್ತರ ದಶಕದ ಕೊನೆಯಲ್ಲಿ ಒಂದು ದಿನ ಟ್ರಂಕು ಹಿಡಿದು ನಮ್ಮ ಎರಡು ಕೋಣೆಗಳ ಮನೆಗೆ ಬಂದುಬಿಟ್ಟಳು. ಅಮ್ಮ ಎಲ್ಲರಿಗೂ, "ಅವಳಿಗೆ ಆರೋಗ್ಯ ಸರಿ ಇಲ್ಲ, ಗುಣ ಆದ ಮೇಲೆ ಹೋಗ್ತಾಳೆ" ಎಂದಳು. ಅಕ್ಕ ಹೋಗಲಿಲ್ಲ. ಮಕ್ಕಳಿಗೆ ಟ್ಯೂಷನ್ ಹೇಳುತ್ತಾ ಮನೆಯಲ್ಲೇ ಉಳಿದಳು. ಯಾಕೆ ಬಂದೆ ಎಂದು ಅಮ್ಮ ಕೇಳಲಿಲ್ಲ, ಅವಳೂ ಹೇಳಲಿಲ್ಲ. ಹೇಳಿದ್ದು ನನಗೊಬ್ಬಳಿಗೆ, ಅದೂ ಬಹಳ ಕಾಲದ ಮೇಲೆ. "ಬೇಕಾದ್ರೆ ಬರಿ," ಎಂದಿದ್ದಳು. "ನನ್ನನ್ನು ಸಂತಳನ್ನಾಗಿ ಮಾಡ್ಬೇಡ. ಪಾಪ ಅನ್ನುವ ಹಾಗೂ ಮಾಡ್ಬೇಡ."

ಡೊಂಬಿವಲಿಯಲ್ಲಿ ಕರಾವಳಿಯ ಕ್ಯಾಥೊಲಿಕರ ಮನೆಗಳು ಆಗ ಬೆರಳೆಣಿಕೆಯಷ್ಟು. ಮನೆಯಲ್ಲಿ ಕೊಂಕಣಿ, ಹೊರಗೆ ಹಿಂದಿ, ಮರಾಠಿ. ಕನ್ನಡ ಪುಸ್ತಕ ಓದಬಲ್ಲವರು ಇನ್ನೂ ಕಡಿಮೆ. ನಮ್ಮವರ ಮುಖಂಡರಾದ ಗುರಿಕಾರರು, ರೈಲ್ವೆಯಿಂದ ನಿವೃತ್ತರಾದವರು, ಅರ್ಧ ಓದಿ ಕೆಳಗಿಟ್ಟರಂತೆ. ಆ ಅರ್ಧವೇ ಮನೆಯಿಂದ ಮನೆಗೆ ನಡೆದು, ನಾನು ಕಾನ್ವೆಂಟಿನ ಮಾನ ಕಳೆದಿದ್ದೇನೆ ಎಂದಾಯಿತು.

ಅಕ್ಟೋಬರಿನಲ್ಲಿ ಮಾತೆ ಮರಿಯಮ್ಮನ ಮೂರ್ತಿ ದಿನಕ್ಕೊಂದು ಮನೆಗೆ ಹೋಗುವುದು ನಮ್ಮಲ್ಲಿ ರೂಢಿ. ಸಂಜೆ ಎಲ್ಲರೂ ಆ ಮನೆಯಲ್ಲಿ ಸೇರಿ ಜಪಸರ ಹೇಳುತ್ತಾರೆ. ನಮ್ಮ ಸರದಿಯ ದಿನ ಅಮ್ಮ ಮೇಜಿಗೆ ಬಿಳಿ ಬಟ್ಟೆ ಹಾಸಿ, ಬಂದವರಿಗೆಂದು ಕಡಲೆ ಬೇಯಿಸಿ ತೆಂಗಿನಕಾಯಿ ತುರಿದಿಟ್ಟು ಕಾದಳು. ನಾನು ಆಫೀಸಿನಿಂದ ಬೇಗ ಬಂದಿದ್ದೆ. ಯಾರೂ ಬರಲಿಲ್ಲ. ಸ್ವಲ್ಪ ಹೊತ್ತಿಗೆ ಎದುರಿನ ಬಿಲ್ಡಿಂಗಿನಿಂದ ಮರಿಯಮ್ಮನ ಹಾಡು ಕೇಳಿಸಿತು. ಮೂರ್ತಿ ನಮ್ಮನ್ನು ದಾಟಿ ಹೋಗಿತ್ತು. ಅಮ್ಮ ಬಟ್ಟೆ ಮಡಚಿಟ್ಟಳು. ಆ ವಾರವಿಡೀ ನನ್ನ ಜೊತೆ ಮಾತಾಡಲಿಲ್ಲ. ನನಗೂ ವಾದಿಸುವ ಶಕ್ತಿ ಇರಲಿಲ್ಲ. ಬರುತ್ತಿದ್ದೆ, ಉಣ್ಣುತ್ತಿದ್ದೆ, ಮಲಗುತ್ತಿದ್ದೆ.

ನನ್ನ ಆಫೀಸಿನ ಅಕೌಂಟ್ಸ್ ವಿಭಾಗದಲ್ಲಿ ಧಾರವಾಡದ ಕಡೆಯ ಹಿರಿಯರೊಬ್ಬರಿದ್ದರು. ಅವರಿಗೊಂದು ಪ್ರತಿ ಕೊಟ್ಟಿದ್ದೆ. ಒಂದು ದಿನ ಟಿಫಿನ್ ಹೊತ್ತಿಗೆ ಬಂದು ಕುಳಿತರು. "ಓದಿದೆ ನೋಡ್ರಿ. ನಮ್ಮೂರ ಮಠದಾಗ ಮರಿಸ್ವಾಮಿ ಆಗಿದ್ದ ಹುಡುಗ ಒಬ್ಬಾಂವ ಹಿಂಗ ಮನಿಗೆ ತಿರುಗಿ ಬಂದಿದ್ದ. ಊರಾಗ ಯಾರೂ ಅವನ ಜೋಡಿ ಮಾತಾಡ್ಲಿಲ್ರಿ. ನಾನೂ ಮಾತಾಡ್ಲಿಲ್ಲ."

ಮನೆಗೆ ಬಂದು ಊಟದ ಹೊತ್ತಿಗೆ ಇದನ್ನು ಅಕ್ಕನಿಗೆ ಹೇಳಿದೆ. ಕೇಳಿಸಿಕೊಳ್ಳುತ್ತಿದ್ದ ಅಮ್ಮ, ವಾರದಲ್ಲಿ ಮೊದಲ ಸಲ ನನ್ನ ಕಡೆ ತಿರುಗಿದಳು.

"ಆ ಹುಡುಗನ ಅಮ್ಮ ಏನು ಮಾಡಿದಳಂತೆ?"

"ನಾನು ಕೇಳಲಿಲ್ಲ."

ಮಾರನೆಯ ಸಂಜೆ ನಾನು ಬರುವಾಗ ಅಕ್ಕ ನನ್ನ ಪುಸ್ತಕ ಹಿಡಿದು ಓದುತ್ತಿದ್ದಳು, ಅಮ್ಮ ಸೊಪ್ಪು ಬಿಡಿಸುತ್ತಾ ಕೇಳುತ್ತಿದ್ದಳು. ಅಮ್ಮನಿಗೆ ಕನ್ನಡ ಅಕ್ಷರ ಬರುತ್ತಿತ್ತು, ಆದರೆ ಓದಿ ಅಭ್ಯಾಸವಿದ್ದದ್ದು ಆ ಲಿಪಿಯಲ್ಲಿ ಅಚ್ಚಾದ ಕೊಂಕಣಿ ಪ್ರಾರ್ಥನೆಯ ಪುಸ್ತಕ ಮಾತ್ರ. ಹಾಗಾಗಿ ಅಕ್ಕ ಒಂದೊಂದೇ ವಾಕ್ಯವನ್ನು ಕೊಂಕಣಿಗೆ ಹೊರಳಿಸಿ ಹೇಳುತ್ತಿದ್ದಳು. ಹೀಗೆ ಎಷ್ಟೋ ಸಂಜೆ ನಡೆಯಿತು. ನಾನು ಚಪ್ಪಲಿ ಬಿಟ್ಟು ಗೋಡೆಗೊರಗಿ ಕೂರುತ್ತಿದ್ದೆ. ನಾನೇ ಬರೆದದ್ದು ಬೇರೆ ಯಾರದೋ ಹಾಗೆ ಕೇಳಿಸುತ್ತಿತ್ತು.

ಕಾದಂಬರಿಯ ತಾಯಿ ನೆರೆಯವರಿಗೆ ಮಗಳ ಕಾಯಿಲೆಯ ಸುಳ್ಳು ಹೇಳುವ ಕಡೆ ಅಮ್ಮ ಕೈ ನಿಲ್ಲಿಸಿದಳು. "ಇದು ನಾನಾ?"

"ಹೌದು," ಎಂದೆ.

"ಮರ್ಯಾದೆಗೆ ಹೆದರಿ ಹೇಳಿದಳು ಅಂತ ಬರ್ದಿದ್ದಿ. ಹಾಗಲ್ಲ. ಇವಳನ್ನು ಯಾರೂ ಪ್ರಶ್ನೆ ಕೇಳಬಾರದು ಅಂತ ಹೇಳಿದ್ದು."

ಅದು ನನಗೆ ಹೊಳೆದೇ ಇರಲಿಲ್ಲ. ಅಕ್ಕ ಪುಸ್ತಕ ಮುಚ್ಚಿದಳು. "ನೀನಾದರೂ ಕೇಳಬೇಕಿತ್ತು ಅಮ್ಮ."

"ಈಗ ಕೇಳ್ತೇನೆ. ಯಾಕೆ ಬಂದಿ? ಅಲ್ಲಿ ಯಾರಾದರೂ ಏನಾದರೂ ಮಾಡಿದ್ರಾ?"

"ಯಾರೂ ಏನೂ ಮಾಡಲಿಲ್ಲ. ಒಳ್ಳೆಯವರೇ. ಬೆಳಿಗ್ಗೆ ಗಂಟೆ ಹೊಡೆದ ಕೂಡಲೇ ಎದ್ದು ಪ್ರಾರ್ಥನೆಗೆ ನಿಲ್ತಿದ್ದೆ. ಬಾಯಿ ಹೇಳ್ತಿತ್ತು, ನಾನು ಅಲ್ಲಿರ್ತಿರ್ಲಿಲ್ಲ. ವರ್ಷಗಟ್ಟಲೆ ಹಾಗೇ ಆಯ್ತು. ಸಾಕಾಯ್ತು."

"ಅಷ್ಟೇನಾ?"

"ಅಷ್ಟೇ."

ಅಮ್ಮ ಉಳಿದ ಸೊಪ್ಪನ್ನು ಬಿಡಿಸಿ ಮುಗಿಸಿದಳು. ಆಮೇಲೆ, "ನನಗೂ ಎಷ್ಟೋ ಸಲ ಹಾಗೆ ಆಗ್ತದೆ," ಎಂದಳು. "ನಾನು ಎದ್ದು ಅಡಿಗೆ ಮಾಡ್ತೇನೆ. ನಿನಗೆ ಅಲ್ಲಿ ಹೋಗಲಿಕ್ಕೆ ಅಡಿಗೆಮನೆ ಇರಲಿಲ್ಲ." ಅಕ್ಕನಿಗೆ ನಗು ಬಂತು, ಕಣ್ಣೊರೆಸಿಕೊಂಡಳು.

ಮುಂದಿನ ಭಾನುವಾರ ಪೂಜೆ ಮುಗಿದ ಮೇಲೆ ಇಗರ್ಜಿಯ ಅಂಗಳದಲ್ಲಿ ಅಮ್ಮ ನೇರವಾಗಿ ಗುರಿಕಾರರ ಬಳಿ ಹೋದಳು. ನಾವಿಬ್ಬರೂ ಹಿಂದೆ ನಿಂತಿದ್ದೆವು.

"ನೀವು ಅರ್ಧ ಓದಿದ್ರಂತೆ. ನಾನು ಪೂರ್ತಿ ಕೇಳಿದೆ. ಇವಳಿಗೆ ಯಾವ ಕಾಯಿಲೆಯೂ ಇರ್ಲಿಲ್ಲ, ಅದು ನಾನು ಹೇಳಿದ ಸುಳ್ಳು. ಅಲ್ಲಿರಲಿಕ್ಕೆ ಇಷ್ಟ ಇಲ್ಲದೆ ಬಂದಳು. ಇನ್ನೇನಾದರೂ ಕೇಳಬೇಕಿದ್ರೆ ಇವಳನ್ನೇ ಕೇಳಿ, ಇಲ್ಲೇ ಇದ್ದಾಳೆ."

ಗುರಿಕಾರರು "ಆಯ್ತು ಬಾಯಮ್ಮ," ಎಂದು ಕೊಡೆ ಬಿಚ್ಚಿ ಬಿಸಿಲಿಗಿಳಿದರು. ಕೆಲವರು ನಮ್ಮ ಮನೆಗೆ ಮತ್ತೆ ಬರತೊಡಗಿದರು, ಕೆಲವರು ಕೊನೆಯವರೆಗೂ ಬರಲಿಲ್ಲ. ಅದರ ಲೆಕ್ಕ ಇಡುವ ಉತ್ಸಾಹ ನಮ್ಮ ಮೂವರಲ್ಲಿ ಯಾರಿಗೂ ಇರಲಿಲ್ಲ.

ಅಂದು ಮನೆಗೆ ನಡೆಯುವಾಗ ಅಮ್ಮನಿಗೆ ಕಾಲು ನೋಯತೊಡಗಿತು. ದಾರಿಯ ಅಂಗಡಿಯೊಂದರ ಬೆಂಚಿನ ಮೇಲೆ ಕೂತು ಚಹಾ ಕುಡಿದೆವು. ಅಮ್ಮನೂ ಅಕ್ಕನೂ ಸಂಜೆಗೆ ಯಾವ ಮೀನು ತರುವುದೆಂದು ಮಾತಾಡುತ್ತಿದ್ದರು. ನಾನು ಗೋಡೆಗೊರಗಿ ಅಲ್ಲೇ ತೂಕಡಿಸಿದೆ. ಅವರು ನನ್ನನ್ನು ಎಬ್ಬಿಸಲಿಲ್ಲ.